ಚಿತ್ರಗಳ ದಫ್ತರಖಾನೆ

ಸರಕಾರಿ ಕಚೇರಿಯಲ್ಲಿ ಕಾರಕೂನಿಕೆ ಮಾಡುವವನಿಗೆ ಸಿನಿಮಾದ ಗೊಡವೆ ಏತಕ್ಕೆ ಎಂದು ವಾಚಕರು ಕೇಳಬಹುದು. ಕೇಳುವುದು ನ್ಯಾಯವೇ. ಆದರೆ ನಾನು ಇಲ್ಲಿ ಬರೆಯಹೊರಟಿರುವುದು ನಟನಟಿಯರ ವಿಷಯವನ್ನಲ್ಲ. ನನ್ನಂತೆಯೇ ಪಟ್ಟಿ ಬರೆದು, ಚೀಟಿ ಅಂಟಿಸಿ, ಕಪಾಟಿನಲ್ಲಿ ಜೋಡಿಸಿಡುವವರ ವಿಷಯವನ್ನು.

ನಮ್ಮ ಕಚೇರಿಯಲ್ಲಿ ನನ್ನ ಪಾಲಿಗೆ ಬಂದಿರುವುದು ದಫ್ತರಖಾನೆ. ಆವಕ-ಜಾವಕ ಪುಸ್ತಕ ನೋಡುವುದು. ಯಾವ ಕಡತ ಕಾಯಂ, ಯಾವುದು ಮೂವತ್ತು ವರ್ಷ, ಯಾವುದು ವರ್ಷ ತುಂಬುತ್ತಲೇ ರದ್ದಿ ಎಂದು ವಿಂಗಡಿಸುವುದು. ಕೆಂಪು ಬಟ್ಟೆಯಲ್ಲಿ ಕಟ್ಟಿ ಇಡುವುದು. ಹನ್ನೆರಡು ವರ್ಷ ಈ ಧೂಳನ್ನು ಕುಡಿದು ನಾನು ಕಲಿತದ್ದು ಒಂದೇ ಮಾತು: ಇಟ್ಟದ್ದನ್ನು ಯಾರೂ ಕೇಳುವುದಿಲ್ಲ, ಕಳೆದದ್ದನ್ನು ಮಾತ್ರ ಎಲ್ಲರೂ ಕೇಳುತ್ತಾರೆ.

ನಾವಿರುವ ಈ ಪುಣೆಯಲ್ಲಿಯೇ ಚಲಚ್ಚಿತ್ರಗಳಿಗೂ ಇಂಥದೊಂದು ದಫ್ತರಖಾನೆಯಿದೆ. ಲಾ ಕಾಲೇಜ್ ರಸ್ತೆಯಲ್ಲಿ ನಿತ್ಯ ಓಡಾಡುವ ನಮ್ಮವರಲ್ಲಿ ಎಷ್ಟೋ ಜನ ಅದರ ಫಲಕವನ್ನು ಓದಿರುತ್ತಾರೆ. ಒಳಗೇನಿದೆ ಎಂದು ವಿಚಾರಿಸಿದವರು ಕಡಿಮೆ. ನಾನೂ ಬಹಳ ವರ್ಷ ವಿಚಾರಿಸಿರಲಿಲ್ಲ. ಅದರ ಹೆಸರು ರಾಷ್ಟ್ರೀಯ ಚಲಚ್ಚಿತ್ರ ಸಂಗ್ರಹಾಲಯ. ೧೯೬೪ರ ಫೆಬ್ರವರಿಯಲ್ಲಿ ಕೇಂದ್ರ ಸರಕಾರ ಅದನ್ನು ಸ್ಥಾಪಿಸಿತು. ೨೦೨೨ರಲ್ಲಿ ಅದನ್ನು ರಾಷ್ಟ್ರೀಯ ಚಲಚ್ಚಿತ್ರ ಅಭಿವೃದ್ಧಿ ನಿಗಮದಲ್ಲಿ ವಿಲೀನಗೊಳಿಸಿದರು. ಪುಣೆ ವಿಶ್ವವಿದ್ಯಾನಿಲಯದ ಮೊದಲ ಕುಲಪತಿಗಳಾಗಿದ್ದ ಬ್ಯಾರಿಸ್ಟರ್ ಜಯಕರರ ಬಂಗಲೆ ಇರುವುದು ಆ ಆವರಣದಲ್ಲಿಯೇ.

ಇದಕ್ಕೆ ಪುಣೆಯೇ ಏಕೆ ಎಂದರೆ, ಕಾರಣ ಸಮೀಪದಲ್ಲಿಯೇ ಇದೆ. ೧೯೨೯ರಲ್ಲಿ ಕೊಲ್ಹಾಪುರದಲ್ಲಿ ಹುಟ್ಟಿದ ಪ್ರಭಾತ ಫಿಲ್ಮ್ ಕಂಪನಿ ೧೯೩೩ರಲ್ಲಿ ಪುಣೆಗೆ ಬಂದಿತು. ‘ಸಂತ ತುಕಾರಾಮ’ದಂಥ ಚಿತ್ರಗಳು ತಯಾರಾದದ್ದು ಅದರ ಸ್ಟುಡಿಯೋದಲ್ಲಿ. ಕಂಪನಿ ಮುಚ್ಚಿದ ಮೇಲೆ ಆ ಜಾಗದಲ್ಲಿಯೇ ಸರಕಾರದ ಫಿಲ್ಮ್ ಇನ್ಸ್ಟಿಟ್ಯೂಟು ಆರಂಭವಾಯಿತು. ಕಲಿಸಬೇಕಾದರೆ ಹಳೆಯ ಚಿತ್ರಗಳು ಬೇಕು; ಬೇಕಾದಾಗ ಸಿಗಬೇಕಾದರೆ ಯಾರಾದರೂ ಇಟ್ಟಿರಬೇಕು.

ಫಿಲ್ಮಿನ ಜಾತಕ

ಕಾಗದವನ್ನು ಇಡುವುದಕ್ಕಿಂತ ಫಿಲ್ಮನ್ನು ಇಡುವುದು ಹತ್ತು ಪಾಲು ಕಷ್ಟ. ಕಾಗದಕ್ಕೆ ಗೆದ್ದಲು ಮತ್ತು ನೀರು ಶತ್ರುಗಳು. ಫಿಲ್ಮಿಗೆ ಹುಟ್ಟಿನಿಂದಲೇ ಶತ್ರು ಹೊಟ್ಟೆಯಲ್ಲಿ.

ಸುಮಾರು ೧೯೫೦ರವರೆಗೆ ಚಿತ್ರಗಳನ್ನು ತೆಗೆಯುತ್ತಿದ್ದುದು ನೈಟ್ರೇಟ್ ಫಿಲ್ಮಿನ ಮೇಲೆ. ಅದು ಸಿಡಿಮದ್ದಿಗೆ ಬಳಸುವ ಹತ್ತಿಯ ಹತ್ತಿರದ ನೆಂಟ. ಒಮ್ಮೆ ಬೆಂಕಿ ಹೊತ್ತಿದರೆ ಉರಿಯಲು ಬೇಕಾದ ಆಮ್ಲಜನಕವನ್ನು ತಾನೇ ಕೊಟ್ಟುಕೊಳ್ಳುತ್ತದೆ. ಆದ್ದರಿಂದ ನೀರಿನಲ್ಲಿ ಮುಳುಗಿಸಿದರೂ ಆರುವುದಿಲ್ಲ. ಉರಿಯದೆ ಉಳಿದರೂ ವರ್ಷಗಳು ಕಳೆದಂತೆ ಅದು ಜಿಗುಟಾಗಿ, ಕೊನೆಗೆ ಕಂದು ಪುಡಿಯಾಗಿಬಿಡುತ್ತದೆ. ಅದರ ಬದಲು ಬಂದ ಅಸಿಟೇಟ್ ಫಿಲ್ಮಿಗೆ ‘ಸೇಫ್ಟಿ’ ಎಂದು ಹೆಸರಿಟ್ಟರು. ಅದು ಹಾಗೆ ಉರಿಯದು, ನಿಜ. ಆದರೆ ಸೆಕೆ ಮತ್ತು ತೇವ ತಗಲಿದರೆ ಒಳಗೇ ಹುಳಿಯುತ್ತದೆ. ಡಬ್ಬಿಯ ಮುಚ್ಚಳ ತೆಗೆದರೆ ವಿನಿಗರಿನ ವಾಸನೆ ಮೂಗಿಗೆ ಅಡರುತ್ತದೆ. ಒಂದು ಡಬ್ಬಿ ಹುಳಿತರೆ ಪಕ್ಕದ ಡಬ್ಬಿಗೂ ಆ ಆವಿ ಹತ್ತುತ್ತದೆ; ಮನೆಯಲ್ಲಿ ಒಬ್ಬರಿಗೆ ನೆಗಡಿಯಾದರೆ ಎಲ್ಲರಿಗೂ ಆಗುವಂತೆ. ಬಣ್ಣದ ಚಿತ್ರಗಳ ಪಾಡು ಇನ್ನೊಂದು: ನೀಲಿ, ಹಸುರುಗಳು ಮೊದಲು ಮಾಸಿ ಎಲ್ಲವೂ ನಸುಗೆಂಪಾಗುತ್ತದೆ.

ಹೀಗಾಗಿ ಇಂಥ ಭಂಡಾರಿಗಳ ಕೆಲಸ ಇಟ್ಟುಬಿಡುವುದಲ್ಲ, ಸಾಕುವುದು. ಡಬ್ಬಿಗಳು ಬಂದೊಡನೆ ತುಕ್ಕು ಹಿಡಿದವುಗಳನ್ನು ಬೇರೆ ಮಾಡಬೇಕು. ಕೈಗೆ ಹತ್ತಿಯ ಚೀಲ ಹಾಕಿಕೊಂಡು, ಮೇಜಿನ ಮೇಲೆ ರೀಲನ್ನು ಮೆಲ್ಲಗೆ ಸುತ್ತುತ್ತ ಅಂಚಿನ ತೂತುಗಳು ಹರಿದಿವೆಯೋ, ಹಿಂದೆ ಅಂಟಿಸಿದ ಜೋಡುಗಳು ಬಿಟ್ಟಿವೆಯೋ, ಫಿಲ್ಮು ಎಷ್ಟು ಕುಗ್ಗಿದೆ ಎಂದು ಪರೀಕ್ಷಿಸಬೇಕು. ಚಿತ್ರದ ಹೆಸರು, ಭಾಷೆ, ವರ್ಷ, ರೀಲುಗಳ ಸಂಖ್ಯೆ, ಉದ್ದ ಎಷ್ಟು ಅಡಿ, ನೆಗೆಟಿವೋ ಪ್ರತಿಯೋ, ಸ್ಥಿತಿ ಹೇಗಿದೆ, ಯಾರಿಂದ ಬಂತು ಎಲ್ಲವನ್ನೂ ದಾಖಲೆ ಮಾಡಬೇಕು. ಆಮೇಲೆ ತಂಪಾದ, ತೇವವಿಲ್ಲದ ಕೋಣೆಯಲ್ಲಿ ಮಲಗಿಸಿಡಬೇಕು. ಬಣ್ಣದ ಚಿತ್ರಗಳಿಗೆ ಇನ್ನೂ ಹೆಚ್ಚು ತಂಪು ಬೇಕು. ಅಷ್ಟರಿಂದ ಮುಗಿಯಲಿಲ್ಲ; ಕಾಲಕಾಲಕ್ಕೆ ಹೊರತೆಗೆದು ಮತ್ತೆ ನೋಡಬೇಕು.

ಲೆಕ್ಕ ಹಾಕಿದರೆ ತಲೆ ತಿರುಗುತ್ತದೆ. ಸಾವಿರ ಅಡಿಯ ಒಂದು ರೀಲು ಪರದೆಯ ಮೇಲೆ ಓಡುವುದು ಸುಮಾರು ಹನ್ನೊಂದು ನಿಮಿಷ. ಸೆಕೆಂಡಿಗೆ ೨೪ ಚಿತ್ರಗಳಂತೆ, ಎರಡೂವರೆ ತಾಸಿನ ಒಂದು ಸಿನಿಮಾದಲ್ಲಿ ೨,೧೬,೦೦೦ ಬಿಡಿಚಿತ್ರಗಳು. ಈಗ ಇವನ್ನು ಯಂತ್ರದಿಂದ ಒಂದೊಂದಾಗಿ ಡಿಜಿಟಲ್ ರೂಪಕ್ಕೆ ತಂದು, ಗೀರು ಕಲೆಗಳನ್ನು ತೆಗೆಯುತ್ತಾರೆ. ಹಾಗೆ ಮಾಡಿದ ಮೇಲೂ ಮೂಲದ ಫಿಲ್ಮನ್ನು ರದ್ದಿಗೆ ಹಾಕುವುದಿಲ್ಲ. ನಕಲು ಎಷ್ಟೇ ಸ್ವಚ್ಛವಾಗಿದ್ದರೂ ಅಸಲು ಅಸಲೇ ಎಂಬುದನ್ನು ನಮ್ಮ ಕಚೇರಿಯಲ್ಲಿ ಯಾವ ಜವಾನನೂ ಹೇಳಬಲ್ಲ.

ನಾಯರ್ ಅವರ ತಪಸ್ಸು

ಈ ಸಂಸ್ಥೆಯ ಕತೆ ಎಂದರೆ ಬಹುಮಟ್ಟಿಗೆ ಪಿ.ಕೆ. ನಾಯರ್ ಅವರ ಕತೆ. ೧೯೩೩ರಲ್ಲಿ ತಿರುವನಂತಪುರದಲ್ಲಿ ಹುಟ್ಟಿದವರು. ಬಾಲಕನಾಗಿದ್ದಾಗ ನೆಲದ ಮರಳಿನ ಮೇಲೆ ಕುಳಿತು ಸಿನಿಮಾ ನೋಡಿ, ಹರಿದ ಟಿಕೇಟುಗಳನ್ನು ಕೂಡಿಡುತ್ತಿದ್ದರಂತೆ. ತೂಕದ ಯಂತ್ರದಿಂದ ಬೀಳುವ ಚೀಟಿಗಳನ್ನೂ ಕೂಡಿಡುತ್ತಿದ್ದರಂತೆ. ಕೂಡಿಡುವ ಚಟ ಕೆಲವರಿಗೆ ಹುಟ್ಟಿನಿಂದಲೇ ಬರುತ್ತದೆ. ೧೯೬೫ರಲ್ಲಿ ಅವರು ಸಂಗ್ರಹಾಲಯದ ಕೆಲಸಕ್ಕೆ ಸೇರಿದರು, ೧೯೮೨ರಲ್ಲಿ ನಿರ್ದೇಶಕರಾದರು, ೧೯೯೧ರಲ್ಲಿ ನಿವೃತ್ತರಾದರು. ಆ ಹೊತ್ತಿಗೆ ಅಲ್ಲಿ ಸೇರಿದ್ದ ಚಿತ್ರಗಳು ಸುಮಾರು ೧೨,೦೦೦. ಅವುಗಳಲ್ಲಿ ಸುಮಾರು ೮,೦೦೦ ಭಾರತದವು.

ಇವೆಲ್ಲ ಅಂಚೆಯಲ್ಲಿ ಬಂದು ಬಿದ್ದವಲ್ಲ. ನಾಯರ್ ಅವರು ಹಳೆಯ ನಿರ್ಮಾಪಕರ ಮನೆಗಳಿಗೆ, ಮುಚ್ಚಿಹೋದ ಸ್ಟುಡಿಯೋಗಳಿಗೆ, ಗೋದಾಮುಗಳಿಗೆ ತಾವೇ ಹೋಗಿ ಬೇಡಿ ತಂದರು. ದಾದಾಸಾಹೇಬ ಫಾಳ್ಕೆಯವರ ‘ರಾಜಾ ಹರಿಶ್ಚಂದ್ರ’ ೧೯೧೩ರದು. ಅದರ ನಾಲ್ಕು ರೀಲುಗಳಲ್ಲಿ ಮೊದಲನೆಯದು ಮತ್ತು ಕೊನೆಯದು ಮಾತ್ರ ಉಳಿದಿವೆ. ಅವೂ ೧೯೧೭ರಲ್ಲಿ ಮರಳಿ ತೆಗೆದವು ಎಂದು ಕೆಲವು ವಿದ್ವಾಂಸರ ಮತ. ಫಾಳ್ಕೆಯವರ ಪುಟ್ಟ ಮಗಳು ಮಂದಾಕಿನಿ ಕೃಷ್ಣನ ವೇಷ ಹಾಕಿದ ೧೯೧೯ರ ‘ಕಾಲಿಯ ಮರ್ದನ’ವೂ ಇಂದು ನೋಡಲು ಸಿಗುವುದು ನಾಯರ್ ಅವರು ನಾಸಿಕದಲ್ಲಿ ಫಾಳ್ಕೆಯವರ ಮನೆತನದ ಬೆನ್ನು ಬಿಡದೆ ತುಣುಕುಗಳನ್ನು ಕೂಡಿಸಿದ್ದರಿಂದ.

ಸಿಗದೆ ಹೋದವುಗಳ ಪಟ್ಟಿ ಇದಕ್ಕಿಂತ ದೊಡ್ಡದು. ಮೂಕಿಚಿತ್ರಗಳ ಕಾಲದಲ್ಲಿ ನಮ್ಮ ದೇಶದಲ್ಲಿ ಸಾವಿರದ ಮುನ್ನೂರಕ್ಕೂ ಮಿಕ್ಕಿ ಚಿತ್ರಗಳು ತಯಾರಾದವು. ಪೂರ್ತಿಯಾಗಿಯೋ ತುಣುಕಾಗಿಯೋ ಉಳಿದಿರುವುದು ಮೂವತ್ತರ ಆಸುಪಾಸು. ಭಾರತದ ಮೊದಲ ಮಾತಿನ ಚಿತ್ರ, ೧೯೩೧ರ ‘ಆಲಂ ಆರಾ’, ಇಲ್ಲ. ಅದನ್ನು ತಯಾರಿಸಿದ ಆರ್ದೇಶಿರ್ ಇರಾನಿಯವರನ್ನು ನಾಯರ್ ಕಂಡಾಗ, ಕೆಲವು ರೀಲುಗಳು ಎಲ್ಲಿಯೋ ಬಿದ್ದಿವೆ ಎಂದು ಆ ವೃದ್ಧರು ಹೇಳಿದರಂತೆ. ಆದರೆ ಬೆಳ್ಳಿಗಾಗಿ ಅವುಗಳನ್ನು ಹಿಂದೆಯೇ ಮಾರಿಬಿಟ್ಟದ್ದಾಗಿ ಅವರ ಮಗನಿಂದ ಆಮೇಲೆ ತಿಳಿಯಿತು. ಈ ಸಂಗತಿಯನ್ನು ನಾಯರ್ ಅವರೇ ಹೇಳಿದ್ದಾರೆ.

ಬೆಳ್ಳಿ ಎಲ್ಲಿಂದ ಬಂತು ಎನ್ನುವಿರೋ? ಕಪ್ಪು-ಬಿಳುಪು ಫಿಲ್ಮಿನಲ್ಲಿ ಚಿತ್ರ ಮೂಡುವುದು ಬೆಳ್ಳಿಯ ಕಣಗಳಿಂದ. ಓಡಿ ಮುಗಿದ ಚಿತ್ರದಿಂದ ದುಡ್ಡು ಹುಟ್ಟದಾದಾಗ ರದ್ದಿಯವನು ಬಂದು ತೂಕಕ್ಕೆ ಕೊಳ್ಳುತ್ತಿದ್ದ. ತೊಳೆದು ಬೆಳ್ಳಿ ತೆಗೆಯುತ್ತಿದ್ದ. ಮನೆಯ ಹಳೆಯ ಜರತಾರಿ ಸೀರೆಯನ್ನು ಸುಟ್ಟು ಬೆಳ್ಳಿ ತೆಗೆದು ಮಾರಿದ ಕಷ್ಟಕಾಲ ನಮ್ಮಲ್ಲಿ ಎಷ್ಟೋ ಮನೆಗಳಿಗೆ ಗೊತ್ತು. ಆದ್ದರಿಂದ ಮಾರಿದವರನ್ನು ಬೈಯಲು ನನಗೆ ಬಾಯಿ ಬರುವುದಿಲ್ಲ. ಹೋದದ್ದು ಹೋಯಿತಲ್ಲ ಎಂದು ಮಾತ್ರ ಅನ್ನಿಸುತ್ತದೆ.

ಬಂದು ಸೇರಿದ್ದೂ ಸುರಕ್ಷಿತವೆಂದು ತಿಳಿಯಬಾರದು. ೨೦೦೩ರ ಜನವರಿ ೮ರಂದು, ಫಿಲ್ಮ್ ಇನ್ಸ್ಟಿಟ್ಯೂಟಿನ ಆವರಣದಲ್ಲಿ ಸಂಗ್ರಹಾಲಯದ ನೈಟ್ರೇಟ್ ಚಿತ್ರಗಳನ್ನಿಟ್ಟಿದ್ದ ಕೋಣೆಗೆ ಬೆಂಕಿ ಬಿದ್ದು, ನೂರಾರು ಹಳೆಯ ಚಿತ್ರಗಳ ಸಾವಿರಾರು ರೀಲುಗಳು ಬೂದಿಯಾದವು. ನಾಯರ್ ಅವರು ಆಗ ನಿವೃತ್ತರು. ತಾವು ಒಂದೊಂದಾಗಿ ತಂದದ್ದು ಒಂದೇ ದಿನದಲ್ಲಿ ಹೋದುದನ್ನು ಕೇಳಿ ಆ ಜೀವಕ್ಕೆ ಹೇಗಾಗಿರಬೇಕು! ೨೦೧೬ರ ಮಾರ್ಚ್ ೪ರಂದು ಅವರು ಪುಣೆಯಲ್ಲಿಯೇ ತೀರಿಕೊಂಡರು. ಅವರ ಮೇಲೆ ಶಿವೇಂದ್ರ ಸಿಂಗ್ ಡುಂಗರ್‌ಪುರ್ ಅವರು ೨೦೧೨ರಲ್ಲಿ ತಯಾರಿಸಿದ ‘ಸೆಲ್ಯುಲಾಯ್ಡ್ ಮ್ಯಾನ್’ ಚಿತ್ರವನ್ನು ಸಿಕ್ಕಾಗ ತಪ್ಪದೆ ನೋಡಬೇಕೆಂದು ವಾಚಕರಲ್ಲಿ ವಿನಂತಿ. ಕತ್ತಲೆಯಲ್ಲಿ ಪುಟ್ಟ ಟಾರ್ಚು ಹಿಡಿದು, ಚಿತ್ರ ನೋಡುತ್ತ ನೋಡುತ್ತ ವಹಿಯಲ್ಲಿ ಟಿಪ್ಪಣಿ ಬರೆಯುತ್ತಿದ್ದ ಅವರ ಅಭ್ಯಾಸವನ್ನು ಅದರಲ್ಲಿ ಕಂಡು, ಇವರು ನಮ್ಮ ಜಾತಿಯವರು ಎಂದುಕೊಂಡೆ, ದಫ್ತರಖಾನೆಯ ಜಾತಿ!

ಕೊಲ್ಹಾಪುರದಲ್ಲಿ ಹುಟ್ಟಿದ ಕನ್ನಡದ ಮಾತು

ಇನ್ನು ನಮ್ಮ ಮನೆಯ ಮಾತಿಗೆ ಬರೋಣ.

ಕನ್ನಡದ ಮೊದಲ ಮಾತಿನ ಚಿತ್ರ ‘ಸತಿ ಸುಲೋಚನಾ’. ಅದು ೧೯೩೪ರ ಮಾರ್ಚ್ ೩ರಂದು ಬೆಂಗಳೂರಿನಲ್ಲಿ ಬಿಡುಗಡೆಯಾಯಿತು. ಬೆಂಗಳೂರಿನ ವ್ಯಾಪಾರಿ ಚಮನ್‌ಲಾಲ್ ಡುಂಗಾಜಿಯವರು ಹಣ ಹಾಕಿದರು; ವೈ.ವಿ. ರಾವ್ ನಿರ್ದೇಶಿಸಿದರು, ಬೆಳ್ಳಾವೆ ನರಹರಿ ಶಾಸ್ತ್ರಿಗಳು ಮಾತು ಮತ್ತು ಹಾಡು ಬರೆದರು. ಸುಬ್ಬಯ್ಯ ನಾಯ್ಡು ಇಂದ್ರಜಿತು, ಆರ್. ನಾಗೇಂದ್ರರಾವ್ ರಾವಣ, ತ್ರಿಪುರಾಂಬಾ ಸುಲೋಚನೆ. ಇವೆಲ್ಲ ಬೆಂಗಳೂರಿನಲ್ಲಿ ಅನೇಕರಿಗೆ ತಿಳಿದದ್ದೇ. ಆದರೆ ಈ ಚಿತ್ರ ತಯಾರಾದದ್ದು ಎಲ್ಲಿ ಬಲ್ಲಿರಾ? ನಮ್ಮ ಪುಣೆಯಿಂದ ಒಂದು ಹಗಲಿನ ದಾರಿ ಕೂಡ ಅಲ್ಲದ ಕೊಲ್ಹಾಪುರದಲ್ಲಿ, ಛತ್ರಪತಿ ಸ್ಟುಡಿಯೋದಲ್ಲಿ. ನಾಟಕದ ಜನ ಊರು ಬಿಟ್ಟು, ಗಂಟುಮೂಟೆ ಕಟ್ಟಿಕೊಂಡು, ಭಾಷೆ ಬೇರೆಯಾದ ಊರಿಗೆ ಬಂದು ಅಲ್ಲಿ ಕನ್ನಡ ಮಾತಾಡಿದರು. ಹೊಟ್ಟೆಪಾಡಿಗಾಗಿ ಊರು ಬಿಟ್ಟ ನಮ್ಮ ನಿಮ್ಮ ಹಾಗೆಯೇ ಕನ್ನಡ ಚಿತ್ರವೂ ಮೊದಲ ಮಾತನ್ನು ಪರಸ್ಥಳದಲ್ಲಿಯೇ ಆಡಿತು!

ಆ ಚಿತ್ರದ ಒಂದು ಪ್ರತಿಯೂ ಇಂದು ಉಳಿದಿಲ್ಲ. ನಾಯ್ಡು ಅವರ ಇಂದ್ರಜಿತು ಹೇಗೆ ನಿಂತ, ನಾಗೇಂದ್ರರಾಯರ ರಾವಣ ಹೇಗೆ ಗರ್ಜಿಸಿದ, ಸುಲೋಚನೆ ಯಾವ ದನಿಯಲ್ಲಿ ಅತ್ತಳು ಎಂಬುದನ್ನು ಇನ್ನು ಯಾರೂ ಕಾಣಲಾರರು, ಕೇಳಲಾರರು. ಬರೆದಿಟ್ಟ ನೆನಪುಗಳಿಂದ, ಹಳೆಯ ಜಾಹೀರಾತುಗಳಿಂದ ಊಹೆ ಮಾಡಿಕೊಳ್ಳಬೇಕಷ್ಟೆ. ಮದುವೆಯಾದದ್ದಕ್ಕೆ ಕರೆಯೋಲೆ ಇದೆ. ಮದುಮಕ್ಕಳ ಮುಖ ಕಂಡವರಿಲ್ಲ.

ಕನ್ನಡಕ್ಕೆ ಪುಣೆಯ ಋಣ

ಕಳೆದುದರ ಜೊತೆಗೆ ಬಂದುದನ್ನೂ ಹೇಳದಿದ್ದರೆ ಲೆಕ್ಕ ತಪ್ಪಾಗುತ್ತದೆ. ಈ ಸಂಗ್ರಹಾಲಯದ ಚಿತ್ರಗಳು ಪೆಟ್ಟಿಗೆಯಲ್ಲಿ ಕೂತೇ ಇರಲಿಲ್ಲ. ಮಲೆನಾಡಿನವರೆಗೂ ಹೋಗಿ ಬಂದವು. ಸಾಗರದ ಬಳಿಯ ಹೆಗ್ಗೋಡಿನಲ್ಲಿ ಕೆ.ವಿ. ಸುಬ್ಬಣ್ಣನವರ ನೀನಾಸಮ್ ಸಂಸ್ಥೆ ೧೯೭೩ರಲ್ಲಿ ಚಿತ್ರಸಮಾಜವನ್ನು ಆರಂಭಿಸಿತು. ಪುಣೆಯಿಂದ ಚಿತ್ರಗಳು ಹೋದವು. ನಾಯರ್ ಅವರೂ, ಫಿಲ್ಮ್ ಇನ್ಸ್ಟಿಟ್ಯೂಟಿನ ಪ್ರಾಧ್ಯಾಪಕ ಸತೀಶ ಬಹಾದ್ದೂರರೂ ಹೋದರು. ಅಡಿಕೆ ತೋಟದ ಕೆಲಸ ಮುಗಿಸಿ ಬಂದವರು ಇಟಲಿಯ ‘ಬೈಸಿಕಲ್ ಥೀವ್ಸ್’, ಜಪಾನಿನ ‘ರಶೋಮಾನ್’, ಬಂಗಾಳದ ‘ಪಥೇರ್ ಪಾಂಚಾಲಿ’ಗಳನ್ನು ನೋಡಿ ಚರ್ಚೆ ಮಾಡಿದರು. ಪಟ್ಟಣದವರಿಗೆ ಮಾತ್ರ ಅರ್ಥವಾಗುವುದೆಂದು ತಿಳಿದಿದ್ದ ಚಿತ್ರಗಳು ಹಳ್ಳಿಯವರಿಗೂ ಅರ್ಥವಾದವು. ಸುಬ್ಬಣ್ಣನವರಿಗೆ ೧೯೯೧ರಲ್ಲಿ ಮ್ಯಾಗ್ಸೇಸೆ ಪ್ರಶಸ್ತಿ ಬಂದುದು ಎಲ್ಲರಿಗೂ ತಿಳಿದಿದೆ.

ಇನ್ನೊಂದು ಉದಾಹರಣೆ ಇತ್ತೀಚಿನದು. ಪುಣೆಯ ಇನ್ಸ್ಟಿಟ್ಯೂಟಿನಲ್ಲಿಯೇ ಕಲಿತ ಗಿರೀಶ ಕಾಸರವಳ್ಳಿಯವರು ಅನಂತಮೂರ್ತಿಯವರ ಕತೆಯನ್ನಾಧರಿಸಿ ೧೯೭೭ರಲ್ಲಿ ‘ಘಟಶ್ರಾದ್ಧ’ ಚಿತ್ರವನ್ನು ಮಾಡಿದರು. ಅದಕ್ಕೆ ಸ್ವರ್ಣಕಮಲವೂ ಬಂದಿತು. ಅದಕ್ಕೆ ನಿರ್ಮಾಪಕರಾಗಿ ನಿಂತವರು ಮುಂಬಯಿಯ ಕನ್ನಡ ರಂಗಭೂಮಿಯಲ್ಲಿ ಹೆಸರಾದ ಸದಾನಂದ ಸುವರ್ಣರು. ನಮ್ಮ ಹಾಗೆ ಹೊರನಾಡಿನ ಕನ್ನಡಿಗರು. ಆ ಚಿತ್ರದ ಮೂಲ ನೆಗೆಟಿವ್ ಉಳಿದಿತ್ತು. ಅದನ್ನು ಹಿಡಿದು ಮುಂಬಯಿಯ ಫಿಲ್ಮ್ ಹೆರಿಟೇಜ್ ಫೌಂಡೇಶನ್ನು ಮತ್ತು ಅಮೆರಿಕದ ವರ್ಲ್ಡ್ ಸಿನಿಮಾ ಪ್ರಾಜೆಕ್ಟಿನವರು, ನಮ್ಮ ಪುಣೆಯ ಸಂಗ್ರಹಾಲಯದ ಸಹಕಾರದೊಡನೆ, ಇಟಲಿಯ ಬೊಲೊನ್ಯದಲ್ಲಿ ಚಿತ್ರವನ್ನು ಶುದ್ಧಗೊಳಿಸಿದರು. ೨೦೨೪ರ ಸೆಪ್ಟೆಂಬರಿನಲ್ಲಿ ವೆನಿಸ್ ಚಿತ್ರೋತ್ಸವದಲ್ಲಿ ಅದನ್ನು ತೋರಿಸಿದರು. ಸುವರ್ಣರು ಅದೇ ವರ್ಷ ಜುಲೈಯಲ್ಲಿ ತೀರಿಕೊಂಡಿದ್ದರು. ಅವರು ಹೋದರೂ ಚಿತ್ರ ಉಳಿಯಿತು. ‘ಸತಿ ಸುಲೋಚನಾ’ಕ್ಕೂ ‘ಘಟಶ್ರಾದ್ಧ’ಕ್ಕೂ ಇರುವ ಅಂತರ, ಒಂದನ್ನು ಯಾರೂ ಇಡಲಿಲ್ಲ, ಇನ್ನೊಂದನ್ನು ಯಾರೋ ಇಟ್ಟರು ಎಂಬುದೇ.

ನನ್ನದೇ ಒಂದು ತಪ್ಪು

ಪರರು ಇಡಲಿಲ್ಲವೆಂದು ಇಷ್ಟೆಲ್ಲ ಬರೆದ ಮೇಲೆ ನನ್ನ ತಪ್ಪನ್ನು ಮುಚ್ಚಿಡುವುದು ಸರಿಯಲ್ಲ.

೧೯೯೬ರಲ್ಲಿ ನಮ್ಮ ಸೋದರತ್ತೆಯ ಮದುವೆ ಹುಬ್ಬಳ್ಳಿಯಲ್ಲಿ ಆಯಿತು. ಕಾಕಾ ಅದರ ವಿಡಿಯೋ ಮಾಡಿಸಿದ್ದರು. ಅದರಲ್ಲಿ ನಮ್ಮ ಅಜ್ಜಿ ಅರಿಶಿಣ ಹಚ್ಚುವಾಗ ಪೂರಾ ಒಂದು ಹಾಡು ಹೇಳಿದ್ದರು. ಅಜ್ಜಿಗೆ ಓದು ಬರಹವಿರಲಿಲ್ಲ, ಹಾಡುಗಳೆಲ್ಲ ಬಾಯಲ್ಲಿ. ಕ್ಯಾಸೆಟ್ಟಿನ ಅಂಚಿನಲ್ಲಿ ಒಂದು ಪುಟ್ಟ ಪ್ಲಾಸ್ಟಿಕ್ಕಿನ ಚಿಲುಕವಿರುತ್ತದೆ. ಅದನ್ನು ಮುರಿದರೆ ಅದರ ಮೇಲೆ ಮತ್ತೊಂದನ್ನು ಮುದ್ರಿಸಲಾಗುವುದಿಲ್ಲ. ಕಾಕಾ ಅದನ್ನು ಜ್ಞಾಪಕವಾಗಿ ಮುರಿದಿಟ್ಟಿದ್ದರು.

೧೯೯೮ರ ಬೇಸಿಗೆ ರಜೆ. ಶಾರ್ಜಾದಲ್ಲಿ ತೆಂಡೂಲ್ಕರ್ ಆಡುತ್ತಿದ್ದ. ನನಗೆ ಹತ್ತು ವರ್ಷ. ಆಟವನ್ನು ಮುದ್ರಿಸಿಕೊಂಡು ಪುಣೆಯ ಗೆಳೆಯರಿಗೆ ತೋರಿಸಬೇಕೆಂಬ ಹುಚ್ಚು. ಮನೆಯಲ್ಲಿ ಖಾಲಿ ಕ್ಯಾಸೆಟ್ಟಿರಲಿಲ್ಲ. ಮುರಿದ ತೂತಿನ ಮೇಲೆ ಅಂಟುಪಟ್ಟಿ ಹಚ್ಚಿದರೆ ಯಂತ್ರ ಮೋಸ ಹೋಗುತ್ತದೆಂದು ಓಣಿಯ ಹುಡುಗನೊಬ್ಬ ಹೇಳಿಕೊಟ್ಟಿದ್ದ. ಯಾವ ಕ್ಯಾಸೆಟ್ಟೆಂದು ಸರಿಯಾಗಿ ನೋಡದೆ ಪಟ್ಟಿ ಹಚ್ಚಿದೆ.

ತಿಳಿದಾಗ ಕಾಕಾ ಹೊಡೆಯಲಿಲ್ಲ. ಅಜ್ಜಿಯೇ, “ಇರಲಿ ಬಿಡೋ, ಕೂಸದು. ಹಾಡು ನನ್ನ ಬಾಯಾಗೇ ಐತಲ್ಲ, ಮತ್ತೊಮ್ಮೆ ಹಾಡ್ತೀನಿ,” ಎಂದರು. ಮತ್ತೊಮ್ಮೆ ಹಾಡಿಸಿಕೊಳ್ಳುವ ಯೋಗ ಬರಲಿಲ್ಲ. ಮರು ವರ್ಷ ಅವರಿಗೆ ಲಕ್ವ ಹೊಡೆದು ಮಾತು ನಿಂತಿತು. ಆಮೇಲೆ ಬಹಳ ದಿನ ಬದುಕಲಿಲ್ಲ. ಶಾರ್ಜಾದ ಆ ಆಟ ಇಂದು ಯಾರ ಫೋನಿನಲ್ಲಿಯಾದರೂ ಸಿಗುತ್ತದೆ. ಅಜ್ಜಿಯ ಹಾಡು ಎಲ್ಲಿಯೂ ಇಲ್ಲ. ಮೊದಲ ಎರಡು ಸಾಲು ನನ್ನ ತಾಯಿಗೆ ನೆನಪಿವೆ. ಮುಂದಿನದು ಯಾರಿಗೂ ಇಲ್ಲ.

‘ಸತಿ ಸುಲೋಚನಾ’ದ ಡಬ್ಬಿಗಳನ್ನು ಕಳೆದವರೂ ದುಷ್ಟರಾಗಿರಲಿಕ್ಕಿಲ್ಲ. ಇದು ನಾಳೆಯೂ ಇರುತ್ತದೆ, ಮತ್ತೊಮ್ಮೆ ಆಗುತ್ತದೆ ಎಂದು ನನ್ನ ಹಾಗೆಯೇ ನಂಬಿದ್ದರೇನೋ.

ವಾಚಕರಲ್ಲಿ ಅರಿಕೆ

ಕೊನೆಯದಾಗಿ, ದಫ್ತರಖಾನೆಯವನಾಗಿ ನಾಲ್ಕು ಮಾತು.

ಮನೆಯ ಅಟ್ಟದ ಮೇಲೆ ವಿಡಿಯೋ ಕ್ಯಾಸೆಟ್ಟುಗಳಿದ್ದರೆ ಇಂದೇ ಇಳಿಸಿರಿ. ಪುಣೆಯ ಮಳೆಗಾಲ ಅವಕ್ಕೆ ಬೂಷ್ಟು ಹಿಡಿಸುತ್ತದೆ. ಅವನ್ನು ಓದುವ ಯಂತ್ರಗಳ ತಯಾರಿಕೆಯೂ ೨೦೧೬ರಲ್ಲಿ ನಿಂತುಹೋಯಿತು. ನಡೆಯುವ ಯಂತ್ರವಿರುವ ಅಂಗಡಿ ಸಿಕ್ಕಾಗಲೇ ಡಿಜಿಟಲ್ ಪ್ರತಿ ಮಾಡಿಸಿರಿ.

ಒಂದೇ ಪ್ರತಿಯನ್ನು ನಂಬಬೇಡಿರಿ. ಒಂದು ನಿಮ್ಮಲ್ಲಿ, ಒಂದು ಊರಿನಲ್ಲಿ ಅಣ್ಣತಮ್ಮಂದಿರಲ್ಲಿ, ಮತ್ತೊಂದು ಮಗಳ ಮನೆಯಲ್ಲಿರಲಿ. ಫೋನಿನಲ್ಲಿ ತೆಗೆದದ್ದಕ್ಕೂ ಇದೇ ನಿಯಮ. ಫೋನು ಕಳೆದರೆ ಬೆಂಕಿ ಬಿದ್ದ ಹಾಗೆಯೇ ಸರಿ.

ಹೆಸರು ಬರೆಯಿರಿ. ಯಾರ ಮದುವೆ, ಯಾವ ಊರು, ಯಾವ ವರ್ಷ, ಎಡಗಡೆ ನಿಂತವರಾರು. ಚೀಟಿಯಿಲ್ಲದ ಡಬ್ಬಿ ಇದ್ದೂ ಇಲ್ಲದಂತೆ. ಇದನ್ನು ಹೇಳಬಲ್ಲ ಹಿರಿಯರು ಮನೆಯಲ್ಲಿದ್ದರೆ, ಬರುವ ರವಿವಾರವೇ ಅವರ ಬಳಿ ಕುಳಿತು ಬರೆದುಕೊಳ್ಳಿರಿ.

ಇನ್ನೊಂದು ಮಾತು, ಕೊಲ್ಹಾಪುರ, ಸಾಂಗಲಿ, ಸೊಲ್ಲಾಪುರ, ಮೀರಜಗಳಲ್ಲಿ ಹಳೆಯ ಮನೆಗಳಿರುವ ಬಂಧುಗಳಿಗೆ. ಹಿಂದೆ ಚಿತ್ರಮಂದಿರಗಳಲ್ಲಿ ಹಾಡುಗಳ ಪುಟ್ಟ ಪುಸ್ತಕಗಳನ್ನು ಮಾರುತ್ತಿದ್ದರು. ಭಿತ್ತಿಚಿತ್ರ, ಫೋಟೋ, ಹಾಡಿನ ಪುಸ್ತಕಗಳನ್ನೂ ಸಂಗ್ರಹಾಲಯ ಕೂಡಿಡುತ್ತದೆ. ಚಿತ್ರವೇ ಹೋದಾಗ ಅವೇ ಸಾಕ್ಷಿ. ಅಜ್ಜನ ಟ್ರಂಕಿನ ತಳದಲ್ಲಿ ಹಾಸಿದ ಕಾಗದವನ್ನೂ ರದ್ದಿಯವನಿಗೆ ಕೊಡುವ ಮುನ್ನ ಒಮ್ಮೆ ಬಿಚ್ಚಿ ನೋಡಿರಿ. ತುಕ್ಕು ಹಿಡಿದ ತಗಡಿನ ಡಬ್ಬಿ ಸಿಕ್ಕರೆ ಬಿಸಿಲಿಗೆ, ದೀಪದ ಬಳಿಗೆ ಒಯ್ಯದೆ, ತಾವೇ ಸುತ್ತು ಬಿಚ್ಚದೆ, ತಿಳಿದವರಿಗೆ ತಿಳಿಸಿರಿ. ಸಂಗ್ರಹಾಲಯಕ್ಕೆ ಬೆಂಗಳೂರಿನಲ್ಲಿಯೂ ಪ್ರಾದೇಶಿಕ ಕಚೇರಿಯನ್ನು ತೆರೆದಿದ್ದಾರೆ.

ಕಳೆದ ತಿಂಗಳು ನನ್ನ ಎಂಟು ವರ್ಷದ ಮಗಳು ತಾಯಿಯವರ ಎದುರು ಫೋನು ಹಿಡಿದು, “ಅಜ್ಜಿ, ಆ ಹಾಡು ಹೇಳು,” ಎಂದಳು. ತಾಯಿ ತಮಗೆ ಬರುವ ಎರಡು ಸಾಲನ್ನು ಹಾಡಿ ನಿಲ್ಲಿಸಿದರು. “ಇಷ್ಟೇನಾ?” ಎಂದಳು ಮಗಳು. ಇಷ್ಟೇ ಎಂದೆ. ಆ ಎರಡು ಸಾಲಿಗೆ ಹೆಸರು, ಊರು, ತಾರೀಖು ಬರೆದು ಮೂರು ಕಡೆ ಇಟ್ಟಿದ್ದೇನೆ. ಕಾಯಂ ವರ್ಗದ ಕಡತವೆಂದು ಗುರುತು ಹಾಕಿದ್ದೇನೆ.